ಎಡಗೈಯ ಗೆರೆ ಕಾಣುವವರೆಗೆ

ಶನಿವಾರ, ಸಂಜೆ ಐದು ಗಂಟೆ. ಸ್ಥಳ, ಮೂಡುಬಿದಿರೆಯ ನಮ್ಮ ಮನೆಯ ಊಟದ ಕೋಣೆ. ಹಾಜರಿದ್ದವರು: ನಾನು, ತೀರಿಕೊಂಡ ನನ್ನ ತಮ್ಮನ ಹೆಂಡತಿ ಸುಮತಿ, ಬಂಟ್ವಾಳದಿಂದ ಬಂದ ಮಿಸ್ರಿಯಾ, ಮತ್ತು ಮೂರು ಕಾಲಿನ ಮೇಲೆ ನಿಂತ ಅವಳ ಕ್ಯಾಮೆರಾ. ಗೈರುಹಾಜರಿ ಇಲ್ಲ.

ಹೀಗೆ ಶುರುಮಾಡಿದ್ದಕ್ಕೆ ನಗಬೇಡಿ. ಬೆಳ್ತಂಗಡಿ ಕಡೆಯ ಒಂದು ಶಾಲೆಯಲ್ಲಿ ಪಿ.ಟಿ. ಟೀಚರಾಗಿದ್ದು ನಿವೃತ್ತಳಾದವಳು ನಾನು. ಹಾಜರಿ ತೆಗೆಯದೆ ಯಾವ ಕೆಲಸಕ್ಕೂ ಕೈಹಾಕಿ ಗೊತ್ತಿಲ್ಲ. ಏಳುವುದು, ಅಂಗಳ ಸುತ್ತುವುದು, ಪೇಪರ್ ಓದುವುದು, ಮಧ್ಯಾಹ್ನ ಬೆನ್ನು ನೆಲಕ್ಕೆ ತಾಗಿಸುವುದು, ಎಲ್ಲವೂ ಗಡಿಯಾರ ನೋಡಿಯೇ. ಒಂದಕ್ಕೆ ಮಾತ್ರ ನಮ್ಮ ಮನೆಯಲ್ಲಿ ಗಡಿಯಾರವಿಲ್ಲ. ಅದು ಸಂಜೆಯ ಊಟ.

ನಾವು ಜೈನರು, ಸೂರ್ಯ ಮುಳುಗುವ ಮೊದಲು ಊಟ ಮುಗಿಸುವವರು. ಈಗೆಲ್ಲ ಕ್ಯಾಲೆಂಡರಿನಲ್ಲಿ ಸೂರ್ಯಾಸ್ತದ ಸಮಯ ಅಚ್ಚಾಗಿರುತ್ತದೆ, ಮೊಬೈಲಿನಲ್ಲೂ ಸಿಗುತ್ತದೆ. ನಮ್ಮ ಮನೆಯದು ಅಜ್ಜಿಯ ಕಾಲದ ಲೆಕ್ಕ. ಊಟದ ಕೋಣೆಗೆ ಇರುವುದು ಪಡುವಣ ದಿಕ್ಕಿನ ಒಂದೇ ಕಿಟಕಿ. ಬಲಗೈ ಅನ್ನದಲ್ಲಿರುತ್ತದೆ. ಎಡಗೈಯನ್ನು ಮಡಿಲಲ್ಲಿ ಬಿಡಿಸಿಟ್ಟುಕೊಂಡು ಆಗಾಗ ನೋಡುತ್ತಿರಬೇಕು. ಅಂಗೈಯ ಗೆರೆ ಕಾಣುವವರೆಗೆ ಊಟ. ಗೆರೆ ಕರಗಿತೋ, ಮನೆಯ ಹಿರಿಯರು ‘ಬೆಳಕು ಹೋಯಿತು’ ಎನ್ನುತ್ತಾರೆ. ಅಲ್ಲಿಗೆ ಎಲ್ಲರ ಕೈಯೂ ನಿಲ್ಲಬೇಕು. ಆಮೇಲೆ ತಟ್ಟೆ ತೊಳೆದು, ಒರೆಸಿ, ಬೋರಲು ಹಾಕಿದ ಮೇಲೆಯೇ ಆ ಕೋಣೆಗೆ ದೀಪ.

ಅಜ್ಜಿಯ ನಂತರ ಅಮ್ಮ ಹೇಳಿದರು, ಅಮ್ಮನ ನಂತರ ನಾನು ಹೇಳುತ್ತಾ ಬಂದೆ. ಶಾಲೆಯಲ್ಲಿ ನಾನು ಸೀಟಿ ಊದಿದರೆ ಇಡೀ ಮೈದಾನ ಕಂಬದ ಹಾಗೆ ನಿಲ್ಲುತ್ತಿತ್ತು. ನಿವೃತ್ತಿಯ ದಿನ ಆ ಸೀಟಿಯನ್ನು ಒಪ್ಪಿಸಿ ಬಂದೆ. ಬೆಳಕು ಹೋಯಿತೆಂದು ಹೇಳುವ ಅಧಿಕಾರವೊಂದು ನನ್ನ ಬಳಿ ಉಳಿದಿತ್ತು. ಈ ಶನಿವಾರ ಅದೂ ಹೋಗುತ್ತದೋ ಏನೋ ಎನ್ನುವ ಹಾಗಾಯಿತು. ಅದನ್ನೇ ಹೇಳಲು ಹೊರಟವಳು ನಾನು. ಆದರೆ ಮೊದಲು ಮಿಸ್ರಿಯಾ ಯಾರೆಂದು ಹೇಳಬೇಕು, ಅದಕ್ಕೂ ಮೊದಲು ಅವಳ ತಾಯಿ ಯಾರೆಂದು.

ತಾಯಿ ಝೊಹರಾ ನನ್ನ ಶಿಷ್ಯೆ. ಪುಂಜಾಲಕಟ್ಟೆಯಿಂದ ಬಸ್ಸಿನಲ್ಲಿ ಬರುತ್ತಿದ್ದ ಕಡ್ಡಿಯಂಥ ಹುಡುಗಿ. ಖೋ-ಖೋ ಆಟದಲ್ಲಿ ಅವಳನ್ನು ಮುಟ್ಟುವುದೆಂದರೆ ಸೋಪು ಹಚ್ಚಿದ ಮೀನನ್ನು ಹಿಡಿದ ಹಾಗೆ. ರಂಜಾನ್ ತಿಂಗಳಲ್ಲಿ ಬೆಳಗಿನಿಂದ ಗಂಟಲಿಗೆ ಹನಿ ನೀರು ಇಳಿಸದೆ ಅಭ್ಯಾಸಕ್ಕೆ ಬಂದು ನಿಲ್ಲುತ್ತಿದ್ದಳು. ‘ಇವತ್ತು ಬದಿಯಲ್ಲಿ ಕೂತ್ಕೋ’ ಎಂದರೆ, ‘ನೋಂಬು ಇರುವುದು ನನ್ನ ಹೊಟ್ಟೆಗೆ ಟೀಚರ್, ಕಾಲಿಗಲ್ಲ’ ಎಂದು ಓಡುತ್ತಿದ್ದಳು. ಮದುವೆಯಾಗಿ ಬಂಟ್ವಾಳ ಸೇರಿ ಈಗ ಮೊಮ್ಮಕ್ಕಳನ್ನು ಕಂಡಿದ್ದಾಳೆ. ಇವತ್ತಿಗೂ ನನ್ನ ಫೋನು ಬಂದರೆ ಕೂತಲ್ಲಿಂದ ಎದ್ದು ನಿಂತು ಮಾತಾಡುತ್ತಾಳಂತೆ. ಮಿಸ್ರಿಯಾ ಹೇಳಿ ನಗುತ್ತಾಳೆ.

ಈ ಮಿಸ್ರಿಯಾ ಸಿನಿಮಾ ಮಾಡುವವಳು. ನೀವು ನೆನೆಸುವ ಸಿನಿಮಾ ಅಲ್ಲ. ಅದರಲ್ಲಿ ಹಾಡಿಲ್ಲ, ಹೊಡೆದಾಟವಿಲ್ಲ, ಹೆಚ್ಚಿನ ಸಲ ಮನುಷ್ಯರೂ ಇಲ್ಲ. ಝೊಹರಾಳ ದೂರು ಕೇಳಿ:

“ಟೀಚರೇ, ಇವಳಿಗೆ ನೀವಾದರೂ ಸ್ವಲ್ಪ ಬುದ್ಧಿ ಹೇಳಿ. ಸಂಬಂಧಿಕರ ಮದುವೆಯ ವಿಡಿಯೋ ಮಾಡಿಕೊಡು ಅಂದ್ರೆ ಆಗುದಿಲ್ಲ ಹೇಳ್ತಾಳೆ. ನಮ್ಮ ಬಾವಿಯ ನೀರು ಅಲುಗಾಡುದನ್ನು ಎರಡು ವರ್ಷದಿಂದ ತೆಗೀತಾ ಇದ್ದಾಳೆ. ಬಾವಿಗೆ ಏನು ಮದುವೆಯಾ?”

“ನೀನು ನೋಡಿದ್ದೀಯಾ ಅದನ್ನು?”

“ನೋಡಿದೆ ಟೀಚರೇ. ಅರ್ಧದಲ್ಲಿ ನಿದ್ದೆ ಬಂತು. ಆದ್ರೆ ಒಳ್ಳೆ ನಿದ್ದೆ.”

ಮೂಡುಬಿದಿರೆಯ ಒಂದು ಸಭಾಂಗಣದಲ್ಲಿ ಅವಳ ಸಿನಿಮಾ ತೋರಿಸುತ್ತಾರೆಂದು ಗೊತ್ತಾದಾಗ ನಾನೂ ಸುಮತಿಯೂ ಹೋಗಿ ಮೊದಲ ಸಾಲಿನಲ್ಲಿ ಕೂತೆವು. ಕಕ್ಕಿಂಜೆಯಿಂದ ಆಚೆ, ಘಾಟಿಯ ಕಾಡಿನಲ್ಲಿ ತೆಗೆದದ್ದು. ಪರದೆಯ ಮೇಲೆ ಆಕಾಶ ಕಪ್ಪಗಿತ್ತು, ಮರದ ಎಲೆಗಳೆಲ್ಲ ಅಕ್ಕಿಹಿಟ್ಟು ಎರಚಿದ ಹಾಗೆ ಬಿಳಿ. ಸುಮತಿ ನನ್ನ ಕಿವಿಯಲ್ಲಿ, “ಘಾಟಿಯಲ್ಲಿ ಹಿಮ ಬಿದ್ದದ್ದು ಪೇಪರಿನಲ್ಲಿ ಬರಲಿಲ್ಲವಲ್ಲ ಅಕ್ಕ” ಎಂದಳು. ಮುಗಿದ ಮೇಲೆ ನಾನು ಮಿಸ್ರಿಯಾಳನ್ನು ನಿಲ್ಲಿಸಿ ಕೇಳಿದೆ. ಎಲೆಗೆ ತಾಗಿ ನಮ್ಮ ಕಣ್ಣಿಗೆ ಕಾಣದ ಒಂದು ಬಗೆಯ ಬೆಳಕು ವಾಪಸು ಬರುತ್ತದಂತೆ. ಅವಳ ಕ್ಯಾಮೆರಾಕ್ಕೆ ಅದು ಕಾಣುತ್ತದಂತೆ.

“ಕಣ್ಣಿಗೆ ಕಾಣದ್ದನ್ನು ತೋರಿಸಿ ಎಂತ ಮಾಡ್ಲಿಕ್ಕೆ?” ಎಂದೆ.

“ಕಾಣದೇ ಇರುವುದು ಉಂಟು ಅಂತ ಗೊತ್ತಾದ್ರೆ ಸಾಕಲ್ಲಾ ಟೀಚರ್” ಎಂದಳು.

ಶಾಲೆಯಲ್ಲಿ ಯಾರಾದರೂ ಹೀಗೆ ಉತ್ತರ ಕೊಟ್ಟಿದ್ದರೆ ಮೈದಾನಕ್ಕೆ ಒಂದು ಸುತ್ತು ಓಡಿಸುತ್ತಿದ್ದೆ. ಆದರೆ ಅವಳಿಗೆ ತಾಯಿಯದೇ ಮುಖ, ತಾಯಿಯದೇ ಮೊಂಡುತನ. ಮನೆಗೆ ಕರೆದು ಕಾಫಿ ಕೊಟ್ಟೆ.

ಅವತ್ತಿನಿಂದ ಬರತೊಡಗಿದಳು. ಒಂದು ಸಲ ಬಿಸ್ಕೆಟಿನ ಖಾಲಿ ಡಬ್ಬ ತಂದು, ಅದಕ್ಕೆ ಸೂಜಿಯಿಂದ ತೂತು ಮಾಡಿ, ಒಳಗೆ ಫೋಟೊ ಕಾಗದ ಇಟ್ಟು, ಊಟದ ಕೋಣೆಯ ಕಿಟಕಿಯ ಹೊರಗೆ ಕಟ್ಟಿ ಹೋದಳು. ಕೆಲವು ತಿಂಗಳು ಅದು ಅಲ್ಲೇ ನೇತಾಡಿತು. ಹಾಲಿನವ ‘ಇದು ಕಾಗೆ ಓಡಿಸ್ಲಿಕ್ಕಾ’ ಎಂದು ಕೇಳಿದ. ಕೊನೆಗೆ ಬಿಚ್ಚಿ ನೋಡಿದರೆ ಕಾಗದದ ಮೇಲೆ ಸೂರ್ಯ ದಿನದಿನವೂ ಇಳಿದ ದಾರಿ ಗೆರೆಗೆರೆಯಾಗಿ ಮೂಡಿತ್ತು. ಮೋಡವಿದ್ದ ದಿನ ಗೆರೆ ಇಲ್ಲ. ಸೂರ್ಯನ ಹಾಜರಿಯನ್ನೂ ತೆಗೆಯಬಹುದೆಂದು ನನಗೆ ಆವರೆಗೆ ತಿಳಿದಿರಲಿಲ್ಲ. ಅದರ ಒಂದು ಪ್ರತಿಗೆ ಕಟ್ಟು ಹಾಕಿಸಿ ಊಟದ ಕೋಣೆಯಲ್ಲೇ ತೂಗುಹಾಕಿದೆ. ಈ ಚಿತ್ರವನ್ನು ನೆನಪಿಟ್ಟುಕೊಳ್ಳಿ.

ಈ ವರ್ಷ ರಂಜಾನ್ ಶುರುವಾಗುವ ಮೊದಲು ಮಿಸ್ರಿಯಾ ಹೊಸದೊಂದು ಯೋಚನೆ ಹೊತ್ತು ಬಂದಳು. ಸೂರ್ಯ ಮುಳುಗುವ ಹೊತ್ತಿಗೆ ನೀವು ಉಣ್ಣುವುದನ್ನು ನಿಲ್ಲಿಸುತ್ತೀರಿ, ಅದೇ ಹೊತ್ತಿಗೆ ನಮ್ಮ ಉಮ್ಮ ಉಣ್ಣಲು ಶುರುಮಾಡುತ್ತಾರೆ, ಎರಡು ಕೈಗಳ ಮೇಲೂ ಬೀಳುವುದು ಒಂದೇ ಬೆಳಕು, ಅಕ್ಕಪಕ್ಕ ಇಟ್ಟು ತೋರಿಸುತ್ತೇನೆ, ಎಂದಳು. ನಾನು ಕೂಡಲೇ ಒಪ್ಪಿದೆ. ಖುಷಿಯೇ ಆಯಿತೆನ್ನಿ. ಝೊಹರಾ ಓಡುವುದಕ್ಕೂ ನಿಲ್ಲುವುದಕ್ಕೂ ನನ್ನ ಸೀಟಿಯೇ ಆಗಬೇಕಿತ್ತು. ಈಗ ನಮ್ಮಿಬ್ಬರಿಗೂ ಸೀಟಿ ಊದುವವನು ಒಬ್ಬನೇ.

ರಂಜಾನ್ ಶುರುವಾದ ಮೇಲೆ ಎರಡು ಸಂಜೆ ಬಂದು ನನ್ನ ಊಟದ ಚಿತ್ರ ತೆಗೆದಳು. ಮೂಲೆಯಲ್ಲಿ ನಿಲ್ಲುತ್ತಿದ್ದಳು. ನಾನು ಎಡಗೈ ನೋಡಿ ‘ಬೆಳಕು ಹೋಯಿತು’ ಎನ್ನುತ್ತಿದ್ದೆ. ಅವಳು ಒಮ್ಮೆ ಕ್ಯಾಮೆರಾ ನೋಡಿ, ಒಮ್ಮೆ ಕಿಟಕಿ ನೋಡಿ, ಸಾಮಾನು ಕಟ್ಟಿ ಬಸ್ಸು ಹಿಡಿಯುತ್ತಿದ್ದಳು. ಎರಡು ದಿನವೂ ಅವಳ ಬಸ್ಸು ಅರ್ಧದಾರಿಯ ಸಿದ್ಧಕಟ್ಟೆ ದಾಟಿದ ಮೇಲೆಯೇ ಮಸೀದಿಯ ಬಾಂಗ್ ಕೇಳಿತಂತೆ. ಬಸ್ಸಿನಲ್ಲೇ ಖರ್ಜೂರ ತಿಂದು ನೀರು ಕುಡಿದು ಉಪವಾಸ ಬಿಟ್ಟಳಂತೆ. ಇದನ್ನು ಅವಳು ನನಗೆ ಹೇಳಿದ್ದು ಆಮೇಲೆ.

ಹಾಗಾದರೆ ನಮ್ಮ ಮನೆಯಲ್ಲಿ ಬೆಳಕು ಅಷ್ಟು ಬೇಗ ಹೋಗುತ್ತಿತ್ತೇ ಎಂದು ನೀವು ಕೇಳಬಹುದು. ಹೋಗುತ್ತಿತ್ತು. ಅದಕ್ಕೆ ಕಾರಣವೂ ನನಗೆ ಗೊತ್ತಿತ್ತು. ಪಡುವಣಕ್ಕೆ ಯಾರೋ ಮೂರು ಮಾಳಿಗೆಯ ಕಟ್ಟಡ ಎಬ್ಬಿಸಿದ್ದಾರೆ. ಅದು ನಮ್ಮ ಕಿಟಕಿಯ ಬೆಳಕನ್ನು ನುಂಗಿದೆ ಎಂದು ದಿನವೂ ಊಟಕ್ಕೆ ಕೂತಾಗ ಒಂದಿಷ್ಟು ಬೈಯುವುದು ಅಭ್ಯಾಸವಾಗಿತ್ತು. ಬೀದಿದೀಪಗಳಿಗೆ ಹೊಸ ನಮೂನೆಯ ಬಲ್ಬು ಹಾಕಿದ ಮೇಲೆ ಒಂದೊಂದು ದೀಪದ ಸುತ್ತಲೂ ದಾಸವಾಳ ಅರಳಿದ ಹಾಗೆ ಕಾಣುತ್ತಿತ್ತು. ಅಗ್ಗದ ಬಲ್ಬು ಎಂದೆ. ಪೇಪರಿನ ಅಕ್ಷರ ಮಂಕಾಗಿತ್ತು. ಶಾಯಿಯಲ್ಲಿ ಉಳಿತಾಯ ಮಾಡುತ್ತಿದ್ದಾರೆಂದು ಏಜೆಂಟನನ್ನು ಗೇಟಿನಲ್ಲೇ ನಿಲ್ಲಿಸಿ ಹೇಳಿದೆ. ಪಾಪ, ಅವನು ‘ತಿಳಿಸ್ತೇನೆ ಟೀಚರ್’ ಎಂದು ಹೋದ. ಸುಮತಿ ಎಲ್ಲದಕ್ಕೂ ‘ಹೌದಕ್ಕ, ಹೌದು’ ಎನ್ನುತ್ತಿದ್ದಳು.

ಬೇಗ ಊಟಕ್ಕೆ ಕರೆಯುವುದು ನಮ್ಮ ಮನೆಗೆ ಹೊಸತೇನಲ್ಲ. ನಾನು ಚಿಕ್ಕವಳಿದ್ದಾಗ ಅಜ್ಜಿಯೂ ಹೀಗೆಯೇ. ನಾನೂ ತಮ್ಮನೂ ಬಸದಿಯ ಹೊರಗೆ ಕುಂಟಾಟದಲ್ಲಿ ಮುಳುಗಿರುತ್ತಿದ್ದೆವು. ಮಾನಸ್ತಂಭದ ತುದಿಯಲ್ಲಿ ಇನ್ನೂ ಹಳದಿ ಬಿಸಿಲು. ಕಾಗೆಗಳು ಗೂಡಿನ ಯೋಚನೆಯನ್ನೇ ಮಾಡಿರುತ್ತಿರಲಿಲ್ಲ. ಅಷ್ಟರಲ್ಲಿ ಅಜ್ಜಿಯ ಕೂಗು. ಓಡಿ ಹೋಗಿ ಕೂತು ನಾಲ್ಕು ತುತ್ತು ತಿನ್ನುವುದರೊಳಗೆ ‘ಬೆಳಕು ಹೋಯಿತು’ ಎನ್ನುತ್ತಿದ್ದರು. ಕಿಟಕಿಯ ಕಡೆ ಬೆರಳು ತೋರಿಸಿ ತಮ್ಮ ಏನೋ ಹೇಳಲು ಹೊರಟರೆ ಅಮ್ಮ ಕಣ್ಣಲ್ಲೇ ಗದರಿಸುತ್ತಿದ್ದರು. ಅಜ್ಜಿಗೆ ನಮ್ಮ ಆಟ ಕಂಡರಾಗುವುದಿಲ್ಲ ಎಂದು ನಾವು ತೀರ್ಮಾನಿಸಿದ್ದೆವು. ಅಮ್ಮ ಅಜ್ಜಿಗೆ ಹೆದರುತ್ತಾರೆ ಎಂದೂ.

ಇನ್ನು ಶನಿವಾರಕ್ಕೆ ಬರುತ್ತೇನೆ. ಮಿಸ್ರಿಯಾ ಕ್ಯಾಮೆರಾ ನಿಲ್ಲಿಸಿದಳು. ಆದರೆ ಚಾಲೂ ಮಾಡಲಿಲ್ಲ. ಚೀಲದಿಂದ ಒಂದು ಸಣ್ಣ ಪರದೆ ತೆಗೆದು ಊಟದ ಮೇಜಿನ ಮೇಲಿಟ್ಟಳು.

“ಟೀಚರ್, ಒಂದು ತೋರಿಸ್ಬೇಕಿತ್ತು. ಬೇಜಾರು ಮಾಡ್ಬಾರ್ದು.”

“ಪೀಠಿಕೆ ಬೇಡ. ತೋರಿಸು.”

ಪರದೆಯ ಎಡಕ್ಕೆ ಒಂದು ಅಂಗೈ. ಕತ್ತಲು ಕವಿದ ಕೈ, ಗೆರೆಗಳು ಇವೆಯೋ ಇಲ್ಲವೋ ಎನ್ನುವ ಹಾಗೆ. “ಇದು ಉಮ್ಮನದ್ದು, ಇನ್ನೊಂದು ದಿನ ಬಾಂಗ್ ಆಗುವಾಗ ತೆಗೆದದ್ದು” ಎಂದಳು. ಬಲಕ್ಕೆ ಇನ್ನೊಂದು ಅಂಗೈ ಬಂತು. ಚಿನ್ನದ ನೀರು ಹೊಯ್ದಂಥ ಬೆಳಕು. ಗೆರೆಗಳೆಲ್ಲ ಗದ್ದೆಯ ಬದುಗಳ ಹಾಗೆ ಸ್ಪಷ್ಟ. ಪರದೆಯ ಒಳಗಿನಿಂದ ನನ್ನದೇ ಸ್ವರ, ‘ಬೆಳಕು ಹೋಯಿತು’ ಎಂದಿತು.

“ನೀನು ಬೆಳಕು ಹೆಚ್ಚು ಮಾಡಿದ್ದೀ” ಎಂದೆ.

“ಇಲ್ಲ ಟೀಚರ್. ಮೊದಲ ದಿನ ಕ್ಯಾಮೆರಾದ್ದೇ ತಪ್ಪು ಅಂತ ಗ್ರಹಿಸಿದೆ. ಎರಡನೇ ದಿನ ಲೆನ್ಸು ಬದಲು ಮಾಡಿ ತಂದೆ. ಅದರಲ್ಲೂ ಹೀಗೆಯೇ. ನಾನು ಮೂಲೆಯಲ್ಲಿ ನಿಂತು ಕಣ್ಣಲ್ಲಿ ನೋಡಿದ್ದೂ ಹೀಗೆಯೇ.”

“ಆ ಕಟ್ಟಡ ಬೆಳಕು ತಿನ್ನುತ್ತದೆ. ನಿನಗೆ ಗೊತ್ತಿಲ್ಲ.”

ಅವಳು ಗೋಡೆಯ ಮೇಲಿನ ಚಿತ್ರವನ್ನು ಇಳಿಸಿ ನನ್ನ ಮುಂದಿಟ್ಟಳು. ಬಿಸ್ಕೆಟ್ ಡಬ್ಬ ತೆಗೆದ ಚಿತ್ರ. ಕಟ್ಟಡ ಬಲಬದಿಯಲ್ಲಿ ಕಪ್ಪಗೆ ನಿಂತಿತ್ತು. ಸೂರ್ಯನ ಗೆರೆಗಳು ಅದನ್ನು ಒಂದಿಷ್ಟೂ ಮುಟ್ಟದೆ, ಎಡಗಡೆಯಿಂದ ಸೀದಾ ನೆಲದವರೆಗೆ ಇಳಿದಿದ್ದವು. ದಿನವೂ ಇದರ ಕೆಳಗೆ ಕೂತು ಉಣ್ಣುತ್ತಾ, ದಿನವೂ ಕಟ್ಟಡವನ್ನು ಬೈದಿದ್ದೇನೆ. ಇದನ್ನು ನೋಡಿಯೇ ಇರಲಿಲ್ಲ.

ನಾನು ಸುಮತಿಯ ಕಡೆ ತಿರುಗಿದೆ. ಅವಳು ಸೆರಗಿನಿಂದ ಒಣಗಿದ ಲೋಟವನ್ನೇ ಮತ್ತೆ ಒರೆಸುತ್ತಿದ್ದಳು. ನಮ್ಮಿಬ್ಬರ ಮಾತು ತುಳುವಿನಲ್ಲಿ. ನಿಮಗಾಗಿ ಕನ್ನಡದಲ್ಲಿ ಬರೆಯುತ್ತಿದ್ದೇನೆ.

“ನಾನು ಬೆಳಕು ಹೋಯಿತು ಅನ್ನುವಾಗ ನಿನಗೆ ಕಾಣ್ತಿತ್ತಾ?”

ಅವಳು ಲೋಟ ಕೆಳಗಿಟ್ಟಳು. “ಕಾಣ್ತಿತ್ತು ಅಕ್ಕ.”

“ಯಾವಾಗಿನಿಂದ?”

“ಕಳೆದ ಮಳೆಗಾಲದಿಂದ. ಮೊದಲು ಸ್ವಲ್ಪವೇ ವ್ಯತ್ಯಾಸ ಇತ್ತು. ಈಗ ಮುಕ್ಕಾಲು ಗಂಟೆ ಬೇಗ ಆಗ್ತದೆ.”

“ಹೇಳ್ಲಿಕ್ಕೆ ಬಾಯಿ ಇರಲಿಲ್ಲವಾ ನಿನಗೆ?”

“ನೀವು ಕಟ್ಟಡಕ್ಕೆ ಬೈತಾ ಇದ್ರಿ. ಕಟ್ಟಡಕ್ಕೆ ಬೈದರೆ ಯಾರಿಗೂ ನೋವಿಲ್ಲವಲ್ಲ ಅಂತ ಸುಮ್ಮನಾದೆ.”

“ಅರ್ಧ ಊಟದಲ್ಲಿ ಏಳ್ತಿದ್ದಿಯಲ್ಲ, ಹಸಿವೆ ಆಗ್ತಿರಲಿಲ್ಲವಾ?”

“ಮಧ್ಯಾಹ್ನ ಒಂದು ಸೌಟು ಹೆಚ್ಚು ಹಾಕ್ಕೊಳ್ತಿದ್ದೆ.”

ಮಿಸ್ರಿಯಾಳಿಗೆ ತುಳು ಚೆನ್ನಾಗಿ ಬರುತ್ತದೆ. ಅವಳು ಕ್ಯಾಮೆರಾದ ಯಾವುದೋ ತಿರುಪನ್ನು ಬಿಗಿಮಾಡುವ ನೆಪದಲ್ಲಿ ಬೆನ್ನು ಹಾಕಿ ನಿಂತಳು.

ನನಗೆ ಸಿಟ್ಟು ಬರಬೇಕಿತ್ತು. ಬರಲಿಲ್ಲ. ಕಣ್ಣ ಮುಂದೆ ಬಂದದ್ದು ಅಮ್ಮ, ತಮ್ಮನ ಬೆರಳನ್ನು ನೋಟದಲ್ಲೇ ಕೆಳಗಿಳಿಸುತ್ತಿದ್ದ ಅಮ್ಮ. ಅಜ್ಜಿಯ ಕಣ್ಣೂ ಮಂಜಾಗಿತ್ತೆಂದು ಅವರಿಗೆ ಗೊತ್ತಿತ್ತು. ಮಾನಸ್ತಂಭದ ತುದಿಯ ಬಿಸಿಲು ಅವರಿಗೂ ಕಾಣುತ್ತಿತ್ತು. ಅದು ಹೆದರಿಕೆಯಾಗಿರಲಿಲ್ಲ. ಅಜ್ಜಿಯ ಆ ಮಾತು ಅಜ್ಜಿಯದೇ ಆಗಿ ಉಳಿಯಲಿ ಎಂದು ಅವರು ಎಷ್ಟೋ ಸಂಜೆ ಅರೆಹೊಟ್ಟೆಯಲ್ಲಿ ಎದ್ದಿರಬೇಕು. ಅಜ್ಜಿಗೆ ಕೊನೆಯವರೆಗೂ ತಿಳಿಯಲಿಲ್ಲ. ತೋರಿಸುವುದಕ್ಕೆ ಆಗ ಕ್ಯಾಮೆರಾ ಹಿಡಿದು ಬರುವವರು ಯಾರೂ ಇರಲಿಲ್ಲ.

ನನಗೆ ಹೆದರಿಕೆಯಾದದ್ದು ನಿಜ. ಡಾಕ್ಟರರು ಏನು ಹೇಳುತ್ತಾರೆ, ಕಣ್ಣಿಗೆ ಕತ್ತಿ ತಾಗಿಸುತ್ತಾರೆಯೇ ಎಂಬುದೆಲ್ಲ ಆಮೇಲೆ. ಮೊದಲು ಬಂದ ಹೆದರಿಕೆ ಬೇರೆ. ಬೆಳಕು ಹೋಯಿತೆಂದು ಹೇಳಲು ಬಾರದಿದ್ದರೆ ಈ ಕೋಣೆಯಲ್ಲಿ ನನಗೆ ಏನು ಕೆಲಸ? ಸೀಟಿಯಿಲ್ಲದ ಪಿ.ಟಿ. ಟೀಚರು ಮೈದಾನದ ಬದಿಯಲ್ಲಿ ಸುಮ್ಮನೆ ನಿಂತ ಹೆಂಗಸು ಅಷ್ಟೇ.

“ಟೀಚರ್, ಆ ಎರಡು ದಿನದ್ದನ್ನು ಅಳಿಸಿಬಿಡ್ತೇನೆ. ಯಾರಿಗೂ ಗೊತ್ತಾಗುದಿಲ್ಲ. ಬೇರೆ ತೆಗೆಯುವ” ಎಂದಳು ಮಿಸ್ರಿಯಾ, ಬೆನ್ನು ತಿರುಗಿಸಿಕೊಂಡೇ.

“ಅಳಿಸಬಾರದು” ಎಂದೆ. “ಹಾಜರಿ ಒಮ್ಮೆ ತೆಗೆದ ಮೇಲೆ ತಿದ್ದುವ ಕ್ರಮ ನನ್ನಲ್ಲಿಲ್ಲ. ಅದೂ ಇರಲಿ, ಇವತ್ತಿನದೂ ಇರಲಿ. ಎರಡನ್ನೂ ತೋರಿಸು.”

ಅವಳು ತಿರುಗಿ ನೋಡಿದಳು. ತಾಯಿಯ ಹಾಗೆಯೇ, ಕಣ್ಣು ಒದ್ದೆಯಾದಾಗ ಗದ್ದ ಮೇಲೆತ್ತುತ್ತಾಳೆ.

“ಸುಮತಿ, ಇವತ್ತಿನಿಂದ ನೀನು ಹೇಳು” ಎಂದೆ.

“ನನ್ನಿಂದಾಗದು ಅಕ್ಕ. ನನ್ನ ಬಾಯಲ್ಲಿ ಆ ಮಾತು ಬಂದರೆ ನನಗೇ ನಗು ಬರ್ತದೆ. ನೀವೇ ಹೇಳಬೇಕು.”

“ಕಾಣದೆ ಹೇಗೆ ಹೇಳಲಿ ಮಾರಾಯ್ತಿ?”

ಸುಮತಿ ಲೋಟ ಎತ್ತಿಕೊಂಡಳು. ಒಲೆಯ ಕಡೆ ಹೋದಳು. ಗಂಜಿ, ಹೆಸರುಕಾಳಿನ ಪಲ್ಯ ನಮಗೆ. ಅದರ ಜೊತೆಗೆ ಸೇಮಿಗೆ ಎಂಬ ಅಕ್ಕಿಶಾವಿಗೆ ಒತ್ತಿ, ಬಾಳೆಹಣ್ಣಿನ ರಸಾಯನ ಮಾಡಿ, ಒಂದು ತಟ್ಟೆಯಲ್ಲಿ ಬಡಿಸಿ ಮುಚ್ಚಿಟ್ಟಳು. ನಮ್ಮ ಒಲೆ ಕತ್ತಲಾದ ಮೇಲೆ ಉರಿಯುವುದಿಲ್ಲ. ಮಿಸ್ರಿಯಾಳ ಊಟ ಬೆಳಕಿರುವಾಗಲೇ ತಯಾರಾಗಿ ಕತ್ತಲಿಗಾಗಿ ಕಾಯಬೇಕು. ಇವತ್ತು ಅವಳು ಬಸ್ಸಿನಲ್ಲಿ ಖರ್ಜೂರ ತಿನ್ನಬೇಕಾಗಿಲ್ಲ ಎಂಬುದನ್ನು ನಮ್ಮಲ್ಲಿ ಮೊದಲು ಲೆಕ್ಕ ಹಾಕಿದವಳು ಸುಮತಿ.

ಊಟಕ್ಕೆ ಕೂತೆವು. ಕ್ಯಾಮೆರಾ ಚಾಲೂ ಆಯಿತು. ಸ್ವಲ್ಪ ಹೊತ್ತಿಗೆ ನನ್ನ ಎಡಗೈ ನನಗೆ ಬರೀ ಬೂದಿಬಣ್ಣದ ಒಂದು ತುಂಡಾಯಿತು. ನಾಲಿಗೆಯ ತುದಿಗೆ ಮಾತು ಬಂತು. ನುಂಗಿಕೊಂಡೆ. ಸುಮತಿ ಎದುರಿನಿಂದ ಎದ್ದು ಬಂದು ನನ್ನ ಎಡಮಗ್ಗುಲಿಗೆ ಕೂತಳು. ತನ್ನ ತಟ್ಟೆಯನ್ನೂ ಎಳೆದುಕೊಂಡಳು. ನನ್ನ ಎಡಗೈಯನ್ನು ತನ್ನ ಎಡಗೈಯಲ್ಲಿ ಹಿಡಿದು ಅದನ್ನೇ ನೋಡುತ್ತಾ ಉಣ್ಣತೊಡಗಿದಳು. ತನ್ನ ಕೈಯನ್ನಲ್ಲ, ನನ್ನ ಕೈಯನ್ನು. ಅಷ್ಟು ನಿಧಾನವಾಗಿ ನಾನು ಒಂದು ಮಳೆಗಾಲದಿಂದ ಉಂಡಿರಲಿಲ್ಲ. ಪಲ್ಯದ ಒಗ್ಗರಣೆಗೆ ಅವಳು ಇಂಗು ಹಾಕುತ್ತಾಳೆಂಬುದೇ ಮರೆತುಹೋಗಿತ್ತು.

“ಕಾಣ್ತದಾ?” ಎಂದೆ.

“ಕಾಣ್ತದೆ. ಇನ್ನೊಂದು ಸೌಟು ಗಂಜಿ ಹಾಕ್ಕೊಳ್ಳಿ.”

ಹಾಕಿಕೊಂಡೆ. ಉಂಡೆ. ಅವಳ ಹೆಬ್ಬೆರಳು ನನ್ನ ಅಂಗೈಯ ಗೆರೆಯ ಮೇಲೆ ಮೆಲ್ಲ ಸರಿಯುತ್ತಿತ್ತು. ಕೊನೆಗೆ ಅದು ನಿಂತಿತು. ಒಮ್ಮೆ ಒತ್ತಿತು.

“ಬೆಳಕು ಹೋಯಿತು” ಎಂದೆ.

ಸ್ವರ ನನ್ನದೇ ಆಗಿತ್ತು, ಮೈದಾನದ ಸ್ವರ. ಎರಡು ಕೈಗಳು ನಿಂತವು. ನಾವು ಕೈ ತೊಳೆದು ಬರುವಷ್ಟರಲ್ಲಿ ದೂರದಿಂದ ಬಾಂಗ್ ಕೇಳಿಸಿತು. ಮಿಸ್ರಿಯಾ ಕ್ಯಾಮೆರಾವನ್ನು ಅದರ ಪಾಡಿಗೆ ಬಿಟ್ಟು ಜಗಲಿಗೆ ಹೋದಳು. ಸುಮತಿ ಮುಚ್ಚಿಟ್ಟ ತಟ್ಟೆಯನ್ನು ಅವಳ ಹಿಂದೆಯೇ ಒಯ್ದಳು. ಜಗಲಿಯಿಂದ ಮಿಸ್ರಿಯಾ ತಾಯಿಗೆ ಫೋನು ಮಾಡಿದ್ದು ಕೇಳಿತು.

“ಉಮ್ಮಾ, ಸರಿಯಾಯ್ತು. ಇವತ್ತು ಟೀಚರದ್ದೂ ನಿಮ್ಮದೂ ಒಂದೇ ಬೆಳಕು.”

ಆಚೆಯಿಂದ ಝೊಹರಾ ಏನು ಹೇಳಿದಳೋ. ಮಿಸ್ರಿಯಾ ನಗುತ್ತಾ, “ಕೂತ್ಕೊಳ್ಳಿ ಉಮ್ಮಾ, ಟೀಚರ್ ಫೋನಲ್ಲಿ ಇಲ್ಲ” ಎಂದಳು.

ಸುಮತಿ ಒಳಗೆ ಬಂದಳು. ಅವಳು ತಟ್ಟೆ ತೊಳೆದುಕೊಟ್ಟಳು, ನಾನು ಒರೆಸಿದೆ. ಒರೆಸುವುದಕ್ಕೆ ಗೆರೆ ಕಾಣಬೇಕಾಗಿಲ್ಲ.

“ಸೋಮವಾರ ಕಣ್ಣಿನ ಡಾಕ್ಟರರಲ್ಲಿಗೆ ಹೋಗುವ ಅಕ್ಕ” ಎಂದಳು.

“ಹೋಗುವ” ಎಂದೆ. “ದಾರಿಯಲ್ಲಿ ಆ ಪೇಪರ್ ಏಜೆಂಟನ ಅಂಗಡಿಯ ಹತ್ತಿರ ಒಂದು ನಿಮಿಷ ನಿಲ್ಲುವ. ಶಾಯಿ ಸರಿ ಇದೆ ಅಂತ ಹೇಳಬೇಕು.”

ತಟ್ಟೆಗಳನ್ನು ಬೋರಲು ಹಾಕಿದೆ. ಕೋಣೆಯಲ್ಲಿ ಕ್ಯಾಮೆರಾದ ಒಂದು ಸಣ್ಣ ಕೆಂಪು ಚುಕ್ಕೆ ಬಿಟ್ಟರೆ ಬೇರೇನೂ ನನಗೆ ಕಾಣುತ್ತಿರಲಿಲ್ಲ. ಗೋಡೆ ತಡವಿ ಸ್ವಿಚ್ಚಿನ ಮೇಲೆ ಕೈಯಿಟ್ಟೆ.

“ಸುಮತಿ, ಹಾಕಬಹುದಾ?”

“ಹಾಕಿ ಅಕ್ಕ.”

ದೀಪ ಹಾಕಿದೆ.